ಲ್ಯಾಪ್‌ಲ್ಯಾಂಡಿನಲ್ಲಿ ಒಂದು ದಿನದ ಟೂರ್: ಏನು ಮಾಡಬೇಕು, ಏನು ಬಿಡಬೇಕು

ಫಿನ್‌ಲ್ಯಾಂಡಿನ ಉತ್ತರ ತುದಿಯ ಹಿಮನಾಡು ಲ್ಯಾಪ್‌ಲ್ಯಾಂಡ್. ಅಲ್ಲಿನ ಮುಖ್ಯ ಊರು ರೊವಾನಿಯೆಮಿಯ ಟೂರ್ ಪಟ್ಟಿ ತೆಗೆದರೆ ತಲೆ ತಿರುಗುತ್ತದೆ. ಹಿಮಸಾರಂಗದ ಜಾರುಬಂಡಿ, ಹಸ್ಕಿ ನಾಯಿಗಳ ಜಾರುಬಂಡಿ, ಹಿಮದ ಮೇಲೆ ಓಡುವ ಮೋಟಾರ್ ಗಾಡಿ ಸ್ನೋಮೊಬೈಲ್, ಐಸ್ ಕೊರೆದು ಮೀನು ಹಿಡಿಯುವುದು, ಸೌನಾ ಅನ್ನುವ ಬಿಸಿ ಹಬೆಯ ಕೋಣೆ, ರಾತ್ರಿ ಆಕಾಶದಲ್ಲಿ ಅರೋರಾ ಬೆಳಕು. ಇಷ್ಟು ದುಡ್ಡು ಹಾಕಿ ಇಷ್ಟು ದೂರ ಬಂದಿದ್ದೇವೆ, ಎಲ್ಲಾ ಒಂದೇ ದಿನ ಮುಗಿಸಿಬಿಡೋಣ ಅನಿಸುವುದು ಸಹಜ. ಹಾಗೆ ಮುಗಿಸಿದವರು ಅರ್ಧ ದಿನ ವ್ಯಾನಿನಲ್ಲಿ, ಇನ್ನರ್ಧ ದಿನ ಬಟ್ಟೆ ಹಾಕಿ ಬಿಚ್ಚುವುದರಲ್ಲಿ ಕಳೆದಿರುತ್ತಾರೆ. ನನ್ನ ಸಲಹೆ ಇಷ್ಟೇ: ಒಂದು ದಿನಕ್ಕೆ ಎರಡೇ ಚಟುವಟಿಕೆ, ಅದರಲ್ಲಿ ಒಂದು ನಿಧಾನದ್ದಾಗಿರಲಿ. ಇಲ್ಲಿ ಬರೆದಿರುವುದೆಲ್ಲ ಫಿನ್‌ಲ್ಯಾಂಡಿನ ಲ್ಯಾಪ್‌ಲ್ಯಾಂಡ್ ಬಗ್ಗೆ. ನಾರ್ವೆಯ ಟ್ರೋಮ್ಸೊ, ಸ್ವೀಡನ್ನಿನ ಕಿರುನಾ ಕಡೆ ಹೋಗುವವರಿಗೂ ಬಟ್ಟೆಯ ಮಾತು, ಚಳಿಯ ಮಾತು ಹಾಗೇ ಉಪಯೋಗಕ್ಕೆ ಬರುತ್ತದೆ, ಕಾನೂನು ಮಾತ್ರ ಬೇರೆ.

ಮೊದಲು ತಿಂಗಳು ಗೊತ್ತು ಮಾಡಿ

ಎಲ್ಲರೂ ಡಿಸೆಂಬರ್ ಅನ್ನುತ್ತಾರೆ. ಕ್ರಿಸ್‌ಮಸ್, ಸಾಂಟಾ, ಫೋಟೋ. ಆದರೆ ಡಿಸೆಂಬರ್ 21ರ ಆಸುಪಾಸಿನಲ್ಲಿ ರೊವಾನಿಯೆಮಿಯಲ್ಲಿ ಸೂರ್ಯ ಮೇಲೆ ಇರುವುದು ಎರಡು ಗಂಟೆ ಚಿಲ್ಲರೆ ಹೊತ್ತು ಮಾತ್ರ. ಅದೂ ಮರಗಳ ತುದಿ ಮುಟ್ಟುವುದಿಲ್ಲ. ಅದಕ್ಕೆ ಮುಂಚೆ, ಆಮೇಲೆ ಒಂದಷ್ಟು ಹೊತ್ತು ನೀಲಿ ಬೆಳಕು ಇರುತ್ತದೆ, ಅದು ನಿಜಕ್ಕೂ ಚಂದ, ಆದರೆ ಹತ್ತು ಗಂಟೆಗೆ ಶುರುವಾದ ಟೂರ್ ಮೂರು ಗಂಟೆಗೆ ಕತ್ತಲಲ್ಲಿ ಮುಗಿಯುತ್ತದೆ. ಇನ್ನೂ ಉತ್ತರಕ್ಕೆ, ಇನಾರಿ ಕಡೆ ಹೋದರೆ, ಡಿಸೆಂಬರ್ ಆರಂಭದಿಂದ ಜನವರಿಯ ಮೊದಲ ವಾರ ದಾಟುವವರೆಗೂ ಸೂರ್ಯ ಹುಟ್ಟುವುದೇ ಇಲ್ಲ. ಈ ಕಾಲಕ್ಕೆ ಅಲ್ಲಿಯವರು ಕಾಮೋಸ್ ಅನ್ನುತ್ತಾರೆ.

ನನ್ನನ್ನು ಕೇಳಿದರೆ ಫೆಬ್ರವರಿ ಕೊನೆಯಿಂದ ಮಾರ್ಚ್ ಕೊನೆಯವರೆಗೆ ಹೋಗಿ. ಮಾರ್ಚ್ ಮಧ್ಯಕ್ಕೆ ಹಗಲು ಹನ್ನೆರಡು ಗಂಟೆಯ ಹತ್ತಿರ ಬಂದಿರುತ್ತದೆ. ಹಿಮ ಆಳವಾಗಿರುತ್ತದೆ, ಕೆರೆಯ ಐಸ್ ದಪ್ಪವಾಗಿರುತ್ತದೆ, ಚಳಿ ಸ್ವಲ್ಪ ಇಳಿದಿರುತ್ತದೆ. ಕ್ರಿಸ್‌ಮಸ್ ವಾರದ ರೇಟೂ ಇರುವುದಿಲ್ಲ. ಒಂದೇ ವಿಷಯ, ಫೆಬ್ರವರಿ ಮಧ್ಯದಿಂದ ಮಾರ್ಚ್ ಆರಂಭದವರೆಗೆ ಫಿನ್‌ಲ್ಯಾಂಡಿನ ಶಾಲೆಗಳಿಗೆ ಸರದಿಯಲ್ಲಿ ರಜೆ ಇರುತ್ತದೆ, ಆಗ ಅಲ್ಲಿಯವರೇ ಮೇಲಕ್ಕೆ ಬಂದು ತುಂಬಿಕೊಳ್ಳುತ್ತಾರೆ. ಮಾರ್ಚ್‌ಗೆ ಹೋದರೆ ತಂಪು ಕನ್ನಡಕ ಮರೆಯಬೇಡಿ. ಬಿಳಿ ಹಿಮದ ಮೇಲೆ ಬಿದ್ದ ಬಿಸಿಲು ಕಣ್ಣಿಗೆ ಚುಚ್ಚುತ್ತದೆ, ಮೂಗಿನ ತುದಿ ಕಪ್ಪಾಗುತ್ತದೆ.

ಎಷ್ಟು ಚಳಿ? ಮಧ್ಯ ಚಳಿಗಾಲದಲ್ಲಿ ಮೈನಸ್ 10ರಿಂದ ಮೈನಸ್ 20 ಮಾಮೂಲು. ಮೈನಸ್ 30ಕ್ಕೆ ಇಳಿಯುವ ದಿನಗಳೂ ಇವೆ. ಫಿನ್‌ಲ್ಯಾಂಡಿನ ದಾಖಲೆ ಮೈನಸ್ 51.5 ಡಿಗ್ರಿ, 1999ರ ಜನವರಿಯಲ್ಲಿ ಕಿಟ್ಟಿಲಾ ತಾಲೂಕಿನಂಥ ಆಡಳಿತ ಪ್ರದೇಶದ ಪೊಕ್ಕಾ ಎಂಬ ಹಳ್ಳಿಯಲ್ಲಿ. ನಿಮಗೆ ಅದು ಸಿಗುವುದಿಲ್ಲ, ಹೆದರಬೇಡಿ.

ವೀಸಾ ಷೆಂಗೆನ್, ಅಂದರೆ ಯೂರೋಪಿನ ಹಲವು ದೇಶಗಳಿಗೆ ಒಂದೇ ವೀಸಾ. ಪ್ರಯಾಣಕ್ಕೆ ಆರು ತಿಂಗಳು ಮುಂಚಿನಿಂದ ಅರ್ಜಿ ಹಾಕಬಹುದು. ಕಡಿಮೆ ಅಂದರೂ 30,000 ಯೂರೊ ಮೊತ್ತದ ಪ್ರಯಾಣ ವಿಮೆ ಕಡ್ಡಾಯ. ಆ ವಿಮೆಯಲ್ಲಿ ಸ್ನೋಮೊಬೈಲ್ ಅಪಘಾತ ಸೇರಿದೆಯಾ ಅಂತ ಸಣ್ಣ ಅಕ್ಷರಗಳನ್ನು ಓದಿ ನೋಡಿ. ಹೆಲ್ಸಿಂಕಿಯಿಂದ ರೊವಾನಿಯೆಮಿಗೆ ವಿಮಾನ ಒಂದೂವರೆ ಗಂಟೆಯೊಳಗೆ. ರಾತ್ರಿ ರೈಲು ಸುಮಾರು ಹನ್ನೆರಡು ಗಂಟೆ, ಮಲಗುವ ಕ್ಯಾಬಿನ್ ಇರುತ್ತದೆ. ಒಂದು ಕಡೆಗಾದರೂ ರೈಲಿನಲ್ಲಿ ಹೋಗಿ.

ಯಾವುದು ಹಳೆಯದು, ಯಾವುದು ಟೂರಿಸ್ಟರಿಗಾಗಿ ಬಂದದ್ದು

ಇದು ಗೊತ್ತಿದ್ದರೆ ಆಯ್ಕೆ ಸುಲಭ. ಹಿಮಸಾರಂಗ ಸಾಕುವುದು, ಬಂಡಿಗೆ ಕಟ್ಟುವುದು, ಐಸ್ ಕೊರೆದು ಗಾಳ ಹಾಕುವುದು, ಮರದ ಸ್ಕೀ ಮೇಲೆ ಕಾಡು ಸುತ್ತುವುದು, ಕೊಟಾ ಅನ್ನುವ ಗುಡಿಸಿಲಿನಲ್ಲಿ ಬೆಂಕಿ ಹಾಕಿ ಕೂರುವುದು, ಸೌನಾ. ಇವೆಲ್ಲ ಅಲ್ಲಿನ ಜನ ತಲೆತಲಾಂತರದಿಂದ ಮಾಡಿಕೊಂಡು ಬಂದದ್ದು, ಈಗಲೂ ತಮಗಾಗಿ ಮಾಡುವಂಥದ್ದು.

ಹಸ್ಕಿ ಬಂಡಿ ಹಾಗಲ್ಲ. ನಾಯಿಗಳಿಂದ ಬಂಡಿ ಎಳೆಸುವುದು ಸೈಬೀರಿಯಾ, ಅಲಾಸ್ಕಾ, ಗ್ರೀನ್‌ಲ್ಯಾಂಡ್ ಕಡೆಯ ರೂಢಿ. ಲ್ಯಾಪ್‌ಲ್ಯಾಂಡಿಗೆ ಅದು ಬಂದದ್ದು ಪ್ರವಾಸೋದ್ಯಮದ ಜೊತೆಗೆ. ಹಿಮಸಾರಂಗ ಮೇಯುವ ನಾಡಿನಲ್ಲಿ ನಾಯಿಗಳ ಹಿಂಡು ಇಟ್ಟುಕೊಳ್ಳುವುದು ಸಾಕುವವರಿಗೆ ತಲೆನೋವೇ ಸರಿ. ಸ್ನೋಮೊಬೈಲ್ 1960ರ ದಶಕದಲ್ಲಿ ಬಂದು ಹಿಮಸಾರಂಗ ಕಾಯುವವರ ಬದುಕನ್ನೇ ಬದಲಾಯಿಸಿತು. ಹಾಗಂತ ಇವು ಬೇಡ ಅಂತಲ್ಲ, ಮಜಾ ಇದೆ. ಹಳೆಯ ಸಂಪ್ರದಾಯ ಅಂದುಕೊಂಡು ದುಡ್ಡು ಕೊಡಬೇಡಿ ಅಷ್ಟೇ.

ಸಾಮಿ ಜನರ ವಿಷಯದಲ್ಲಿ ಇನ್ನೂ ಜಾಗ್ರತೆ ಬೇಕು. ಸಾಮಿಗಳು ನಾರ್ವೆ, ಸ್ವೀಡನ್, ಫಿನ್‌ಲ್ಯಾಂಡ್ ಮತ್ತು ರಷ್ಯಾದ ಉತ್ತರದ ಮೂಲನಿವಾಸಿಗಳು. ಫಿನ್‌ಲ್ಯಾಂಡಿನಲ್ಲೇ ಮೂರು ಸಾಮಿ ಭಾಷೆಗಳಿವೆ. ಕಾನೂನಿನ ಪ್ರಕಾರ ಅವರ ತಾಯ್ನೆಲ ಅಂದರೆ ಉತ್ಸಯೋಕಿ, ಇನಾರಿ, ಎನೊಂಟೆಕಿಯೊ, ಜೊತೆಗೆ ಸೊದಂಕ್ಯುಲಾದ ಉತ್ತರ ಭಾಗ. ರೊವಾನಿಯೆಮಿ ಆ ಗಡಿಯೊಳಗೆ ಬರುವುದೇ ಇಲ್ಲ. ಆದ್ದರಿಂದ ರೊವಾನಿಯೆಮಿಯ ಯಾವುದೋ ಟೂರ್‌ನಲ್ಲಿ "ಸಾಮಿ ಮಂತ್ರವಾದಿ"ಯ ವೇಷ ಹಾಕಿದವನೊಬ್ಬ ಡೋಲು ಬಾರಿಸಿ, ನಿಮ್ಮ ಹಣೆಗೆ ಮಸಿ ಬಳಿದು, ಆರ್ಕ್ಟಿಕ್ ವೃತ್ತ ದಾಟಿದ ಸರ್ಟಿಫಿಕೇಟ್ ಕೊಟ್ಟರೆ ಅದು ನಾಟಕ. ಇಂಥದ್ದರಿಂದ ಬೇಸತ್ತು ಫಿನ್‌ಲ್ಯಾಂಡಿನ ಸಾಮಿ ಸಂಸತ್ತು 2018ರಲ್ಲಿ ಸಾಮಿ ಪ್ರವಾಸೋದ್ಯಮ ಹೇಗಿರಬೇಕು ಅಂತ ನೀತಿಸೂತ್ರಗಳನ್ನೇ ಹೊರಡಿಸಿತು. ಅವರ ಉಡುಗೆ ಗಾಕ್ತಿಯ ನಕಲು ತೊಟ್ಟು ಫೋಟೋಗೆ ನಿಲ್ಲುವುದು ಅವರಿಗೆ ನೋವು ಕೊಡುವ ವಿಷಯ. ಯಾರಾದರೂ ಬಾಡಿಗೆಗೆ ಕೊಟ್ಟರೂ ಬೇಡ ಅನ್ನಿ.

ಸಾಮಿ ಬದುಕನ್ನು ನಿಜವಾಗಿ ನೋಡಬೇಕಾ? ಇನ್ನೊಂದು ದಿನ ಇಟ್ಟುಕೊಂಡು ಇನಾರಿಗೆ ಹೋಗಿ. ರೊವಾನಿಯೆಮಿಯಿಂದ ಸುಮಾರು 330 ಕಿಲೋಮೀಟರ್ ಉತ್ತರಕ್ಕೆ, ಬಸ್ಸಿದೆ. ಅಲ್ಲಿನ ಸೀಡಾ (Siida) ಅನ್ನುವ ಸಾಮಿ ಮ್ಯೂಸಿಯಂಗೆ 2024ರ ವರ್ಷದ ಯೂರೋಪಿಯನ್ ಮ್ಯೂಸಿಯಂ ಪ್ರಶಸ್ತಿ ಬಂದಿದೆ. ಹೆಲ್ಸಿಂಕಿಯ ರಾಷ್ಟ್ರೀಯ ಮ್ಯೂಸಿಯಂನಲ್ಲಿದ್ದ ಎರಡು ಸಾವಿರಕ್ಕೂ ಹೆಚ್ಚು ಸಾಮಿ ವಸ್ತುಗಳು 2021ರಲ್ಲಿ ಇಲ್ಲಿಗೆ ವಾಪಸ್ ಬಂದವು.

ಬುಕ್ ಮಾಡುವ ಮುಂಚೆ ಕೇಳುವ ಪ್ರಶ್ನೆಗಳು

ಮೇಲ್ ಬರೆದು ಕೇಳಿ, ನಾಚಿಕೆ ಬೇಡ. ಮೊದಲನೆಯದು, "ಎಂಟು ಗಂಟೆಯ ಟೂರ್" ಅಂತ ಇದ್ದರೆ ಅದರಲ್ಲಿ ಬಂಡಿಯ ಮೇಲೆ ಕೂರುವುದು ಎಷ್ಟು ನಿಮಿಷ, ಎಷ್ಟು ಕಿಲೋಮೀಟರ್? ಅಂಗಳದಲ್ಲೇ ಒಂದು ಸುತ್ತು ಹಾಕಿಸಿ ಇಳಿಸುವವರೂ ಇದ್ದಾರೆ. ಗುಂಪಿನಲ್ಲಿ ಹೆಚ್ಚೆಂದರೆ ಎಷ್ಟು ಜನ? ಎಂಟು ಜನರ ಗುಂಪಿಗೂ ನಲವತ್ತು ಜನರ ಬಸ್ಸಿಗೂ ಅಜಗಜಾಂತರ. ಚಳಿಬಟ್ಟೆ, ಬೂಟು ಅವರೇ ಕೊಡುತ್ತಾರಾ, ಮಕ್ಕಳ ಅಳತೆ ಇದೆಯಾ? ಹೋಟೆಲಿಗೆ ಬಂದು ಕರೆದುಕೊಂಡು ಹೋಗುತ್ತಾರಾ? ಚಳಿ ವಿಪರೀತವಾಗಿ ಟೂರ್ ರದ್ದಾದರೆ ದುಡ್ಡು ವಾಪಸ್ಸಾ, ಬೇರೆ ದಿನವಾ? ಹಿಮಸಾರಂಗದ ಫಾರ್ಮ್ ಆದರೆ, ಮನೆಮಂದಿಯೇ ಸಾಕುವವರಾ, ಅವರೇ ಮಾತಾಡುತ್ತಾರಾ ಅಂತ ಕೇಳಿ. ಅದಕ್ಕೆ ಹೌದು ಅಂದರೆ ಎರಡು ಕಾಸು ಜಾಸ್ತಿ ಆದರೂ ಅಲ್ಲೇ ಹೋಗಿ.

ಊಟದ ವಿಷಯ ಬುಕ್ ಮಾಡುವಾಗಲೇ ಬರೆಯಿರಿ, ಅಲ್ಲಿ ಹೋಗಿ ಹೇಳಿದರೆ ಉಪಯೋಗವಿಲ್ಲ. ಕಾಡಿನ ಮಧ್ಯೆ ಇನ್ನೊಂದು ಅಡುಗೆ ಎಲ್ಲಿಂದ ತರಬೇಕು? "ವೆಜಿಟೇರಿಯನ್" ಅಂತ ಮಾತ್ರ ಬರೆದು ಸುಮ್ಮನಾಗಬೇಡಿ. ಮಾಂಸ, ಮೀನು, ಮೊಟ್ಟೆ ಯಾವುದೂ ಇಲ್ಲ, ಹಾಲು ಪರವಾಗಿಲ್ಲ ಅಂತ ಬಿಡಿಸಿ ಹೇಳಿ. ಮೀನನ್ನು ಮಾಂಸದ ಲೆಕ್ಕಕ್ಕೆ ಸೇರಿಸದವರು ಯೂರೋಪಿನಲ್ಲಿ ಬೇಕಾದಷ್ಟು ಜನ ಇದ್ದಾರೆ.

ಬಟ್ಟೆ: ಇದೊಂದನ್ನು ಸರಿಯಾಗಿ ಓದಿ

ದಪ್ಪ ಜಾಕೆಟ್ ಒಂದಿದ್ದರೆ ಸಾಕು ಅನ್ನುವುದು ಬೆಂಗಳೂರಿನ ಚಳಿಯ ಲೆಕ್ಕ. ಅಲ್ಲಿ ಪದರ ಲೆಕ್ಕ. ಮೈಗೆ ತಾಗುವ ಪದರ ಉಣ್ಣೆಯದು, ಮೆರಿನೊ ಆದರೆ ಒಳ್ಳೆಯದು, ಇಲ್ಲದಿದ್ದರೆ ಸಿಂಥೆಟಿಕ್ ಥರ್ಮಲ್. ಹತ್ತಿ ಬನಿಯನ್, ಹತ್ತಿ ಕಾಲುಚೀಲ, ಜೀನ್ಸ್ ಯಾವುದೂ ಬೇಡ. ಹತ್ತಿ ಬೆವರು ಹೀರಿ ಒದ್ದೆಯಾಗಿಯೇ ಇರುತ್ತದೆ, ಒದ್ದೆ ಬಟ್ಟೆ ಮೈಯ ಶಾಖವನ್ನೆಲ್ಲ ಕದಿಯುತ್ತದೆ. ಅದರ ಮೇಲೆ ಫ್ಲೀಸ್ ಅಥವಾ ಸ್ವೆಟರ್. ಅದರ ಮೇಲೆ ಟೂರ್‌ನವರು ಕೊಡುವ ದೊಡ್ಡ ಓವರಾಲ್, ಅಂದರೆ ಕುತ್ತಿಗೆಯಿಂದ ಕಾಲಿನವರೆಗೆ ಒಂದೇ ಆಗಿರುವ ಉಡುಪು. ಗಾಳಿ ತಡೆಯುವ ಕೆಲಸ ಅದರದ್ದು.

ಬೂಟು ಒಂದು ಸೈಜ್ ದೊಡ್ಡದು ಕೇಳಿ. ಬೂಟಿನೊಳಗೆ ಬೆರಳು ಆಡಬೇಕು. ನಮ್ಮವರು ಚಳಿಗೆ ಹೆದರಿ ಮೂರು ಜೊತೆ ಕಾಲುಚೀಲ ತುರುಕಿಕೊಳ್ಳುತ್ತಾರೆ. ಆಗ ಕಾಲು ಬಿಗಿದು, ರಕ್ತ ಓಡಾಡದೆ, ಇನ್ನೂ ಬೇಗ ಮರಗಟ್ಟುತ್ತದೆ. ತೆಳು ಒಂದು, ದಪ್ಪ ಉಣ್ಣೆಯದು ಒಂದು, ಸಾಕು. ಕೈಗೆ ಬೆರಳು ಬೆರಳಿನ ಗ್ಲೌಸ್‌ಗಿಂತ ಎಲ್ಲಾ ಬೆರಳೂ ಒಟ್ಟಿಗೆ ಇರುವ ಮಿಟನ್ ಬೆಚ್ಚಗೆ. ಒಳಗೆ ತೆಳ್ಳನೆ ಉಣ್ಣೆ ಗ್ಲೌಸ್ ಇದ್ದರೆ ಫೋಟೋ ತೆಗೆಯುವಾಗ ಬರಿಗೈ ಆಗುವುದಿಲ್ಲ.

ಓಲೆ, ಜುಮುಕಿ, ಮೂಗುತಿ ತೆಗೆಯಲಾಗುವಂಥದ್ದಾದರೆ ರೂಮಿನಲ್ಲೇ ಬಿಡಿ. ಲೋಹ ಚಳಿಯನ್ನು ನೇರ ಚರ್ಮಕ್ಕೆ ದಾಟಿಸುತ್ತದೆ. ಅಮ್ಮಂದಿರು ಸೀರೆ ಬಿಡಲ್ಲ ಅಂತ ಹಟ ಹಿಡಿಯಬಹುದು. ಓವರಾಲ್ ಒಳಗೆ ಸೀರೆ ಹಿಡಿಸುವುದಿಲ್ಲ, ಒಂದು ದಿನದ ಮಟ್ಟಿಗೆ ಥರ್ಮಲ್ ಮೇಲೆ ಸಲ್ವಾರ್ ಒಪ್ಪಿಸಿ. ಮತ್ತೆ, ಓವರಾಲ್ ಹಾಕುವ ಮುಂಚೆ ಎಲ್ಲರೂ ಶೌಚಾಲಯಕ್ಕೆ ಹೋಗಿ ಬನ್ನಿ. ಹಾಕಿದ ಮೇಲೆ ನೆನಪಾದರೆ ಗುಂಪೇ ಕಾಯಬೇಕಾಗುತ್ತದೆ.

ಫೋನನ್ನು ಒಳಜೇಬಿನಲ್ಲಿ, ಮೈಗೆ ಹತ್ತಿರ ಇಡಿ. ಹೊರಗೆ ಹಿಡಿದರೆ 60 ಪರ್ಸೆಂಟ್ ಇದ್ದ ಬ್ಯಾಟರಿಯೂ ಹೇಳದೆ ಕೇಳದೆ ಆಫ್ ಆಗುತ್ತದೆ. ಬೆಚ್ಚಗಾದ ಮೇಲೆ ಮತ್ತೆ ಜೀವ ಬರುತ್ತದೆ, ಗಾಬರಿ ಬೇಡ. ಕ್ಯಾಮೆರಾ ಇದ್ದರೆ ಒಳಗೆ ಬರುವ ಮುಂಚೆ, ಹೊರಗೇ, ಅದನ್ನು ಜಿಪ್ ಇರುವ ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಮುಚ್ಚಿ. ಇಲ್ಲದಿದ್ದರೆ ಬೆಚ್ಚನೆ ಗಾಳಿಯ ತೇವವೆಲ್ಲ ಲೆನ್ಸ್ ಮೇಲೆ ಕೂರುತ್ತದೆ.

ಒಬ್ಬರ ಮುಖ ಒಬ್ಬರು ಆಗಾಗ ನೋಡಿಕೊಳ್ಳಿ. ಮೂಗು, ಕೆನ್ನೆ, ಕಿವಿಯ ಮೇಲೆ ಬಿಳಿಚಿದ, ಮೇಣದಂಥ ಮಚ್ಚೆ ಕಂಡರೆ ಅದು ಹಿಮಕಡಿತದ, ಅಂದರೆ ಚಳಿಗೆ ಚರ್ಮ ಹೆಪ್ಪುಗಟ್ಟುವುದರ, ಶುರು. ತನಗೆ ಗೊತ್ತಾಗುವುದಿಲ್ಲ, ಯಾಕೆಂದರೆ ಅಲ್ಲಿ ನೋವೇ ಇರುವುದಿಲ್ಲ. ಉಜ್ಜಬೇಡಿ, ಹಿಮ ಹಚ್ಚಿ ತಿಕ್ಕುವುದಂತೂ ಬೇಡವೇ ಬೇಡ. ಬೆಚ್ಚನೆ ಬರಿ ಅಂಗೈ ಒತ್ತಿ ಹಿಡಿಯಿರಿ, ಗೈಡ್‌ಗೆ ಹೇಳಿ, ಒಳಗೆ ಹೋಗಿ. ಚಳಿಗೆ ಅಂತ ಒಂದು ಪೆಗ್ ಹಾಕುವವರಿಗೂ ಒಂದು ಮಾತು: ಕುಡಿದರೆ ಬೆಚ್ಚಗಾದ ಹಾಗೆ ಅನಿಸುತ್ತದೆ, ಆದರೆ ಚರ್ಮದ ರಕ್ತನಾಳ ಹಿಗ್ಗಿ ಮೈಯ ಶಾಖ ಇನ್ನೂ ಬೇಗ ಹೊರಗೆ ಹೋಗುತ್ತದೆ. ತುರ್ತು ಸಂಖ್ಯೆ 112.

ಹಿಮಸಾರಂಗದ ಹತ್ತಿರ

ಫಾರ್ಮ್‌ಗೆ ಹೋದ ತಕ್ಷಣ ಕೈಗೆ ಒಂದು ಹಿಡಿ ಬೂದು-ಬಿಳಿ ಪಾಚಿಯಂಥದ್ದು ಕೊಡುತ್ತಾರೆ. ಅದು ಪಾಚಿ ಅಲ್ಲ, ನಮ್ಮ ಮಸಾಲೆಗೆ ಹಾಕುವ ಕಲ್ಲುಹೂವಿನ ಬಳಗದ್ದು. ಹಿಮಸಾರಂಗ ಚಳಿಗಾಲದಲ್ಲಿ ಗೊರಸಿನಿಂದ ಹಿಮ ಕೆದಕಿ ಇದನ್ನೇ ತಿಂದು ಬದುಕುತ್ತದೆ. ಕೈ ಮುಂದೆ ಚಾಚಿ, ಅದೇ ಬಂದು ತಿನ್ನುತ್ತದೆ. ಕೊಂಬು, ತಲೆ ಮುಟ್ಟಲು ಹೋಗಬೇಡಿ. ಕೊಂಬು ಹಿಡಿದರೆ ಜಗಳಕ್ಕೆ ಕರೆದಿದ್ದಾರೆ ಅಂದುಕೊಂಡು ತಲೆ ಝಾಡಿಸುತ್ತದೆ, ಆ ಕೊಂಬಿನ ತುದಿ ನಿಮ್ಮ ಕಣ್ಣಿನ ಎತ್ತರಕ್ಕೇ ಇರುತ್ತದೆ.

ಬಂಡಿ ಎಳೆಯುವವು ಹೆಚ್ಚಾಗಿ ಬೀಜ ಒಡೆದು ಪಳಗಿಸಿದ ಗಂಡುಗಳು. ಬೀಜ ಒಡೆಯದ ಗಂಡುಗಳ ಕೊಂಬು ಬೆದೆಗಾಲ ಮುಗಿದ ಮೇಲೆ, ಚಳಿಗಾಲದ ಮೊದಲಲ್ಲೇ ಉದುರುತ್ತದೆ. ಹೆಣ್ಣಿನದು ವಸಂತದಲ್ಲಿ ಮರಿ ಹಾಕುವವರೆಗೂ ಇರುತ್ತದೆ. ಅಂದರೆ ಕ್ರಿಸ್‌ಮಸ್ ಕಾರ್ಡಿನಲ್ಲಿ ದೊಡ್ಡ ಕೊಂಬು ಹೊತ್ತು ಸಾಂಟಾನ ಬಂಡಿ ಎಳೆಯುವವು ಹೆಣ್ಣಿರಬೇಕು, ಇಲ್ಲವೇ ಬೀಜ ಒಡೆದವಿರಬೇಕು. ಮಕ್ಕಳಿಗೆ ಎಷ್ಟು ಹೇಳಬೇಕೋ ಅಷ್ಟು ಹೇಳಿ.

ಬಂಡಿ ನೆಲಕ್ಕೆ ತೀರಾ ಹತ್ತಿರ. ಕೂರುವಲ್ಲಿ ಹಿಮಸಾರಂಗದ ಚರ್ಮ ಹಾಸಿರುತ್ತಾರೆ. ಅದರ ಕೂದಲು ಒಳಗೆ ಟೊಳ್ಳು, ಆ ಟೊಳ್ಳಿನ ಗಾಳಿಯೇ ಚಳಿ ತಡೆಯುವುದು. ಕಾಲು ಚಾಚಿ ಕೂತು, ಮೇಲೆ ಕಂಬಳಿ ಹೊದ್ದು, ಕೈಕಾಲು ಬಂಡಿಯಿಂದ ಹೊರಗೆ ಬಿಡದೆ ಇದ್ದರೆ ಆಯಿತು. ಒಂದರ ಹಿಂದೆ ಒಂದು ಕಟ್ಟಿರುತ್ತಾರೆ, ನಡಿಗೆಯ ವೇಗ. ಮೊದಲ ಐದು ನಿಮಿಷ ಎಲ್ಲರೂ ಮಾತಾಡುತ್ತಾರೆ, ವಿಡಿಯೋ ಮಾಡುತ್ತಾರೆ. ಆಮೇಲೆ ಮಾತು ನಿಂತಾಗ ಸ್ವಲ್ಪ ಕಿವಿಗೊಡಿ. ಮುಂದೆ ನಡೆಯುವ ಹಿಮಸಾರಂಗದ ಕಾಲಿನಿಂದ ಚಟಕ್ ಚಟಕ್ ಅಂತ ಸದ್ದು ಬರುತ್ತಿರುತ್ತದೆ. ಪಾದದ ಮೂಳೆಯ ಮೇಲೆ ಸ್ನಾಯುರಜ್ಜು ಜಾರುವ ಸದ್ದು ಅದು. ಗಾಳಿ ಹಿಮ ಎರಚಿ ಕಣ್ಣೇ ಕಾಣದಾಗ ಹಿಂಡು ಒಂದನ್ನೊಂದು ಬಿಡದಿರಲು ಇದು ಸಹಾಯಕ್ಕೆ ಬರುತ್ತದಂತೆ. ಇಳಿದ ಮೇಲೆ ಕಣ್ಣನ್ನೂ ನೋಡಿ. ಬೇಸಿಗೆಯಲ್ಲಿ ಕಣ್ಣಿನ ಹಿಂಪದರ ಹೊಂಬಣ್ಣ, ಚಳಿಗಾಲದಲ್ಲಿ ನೀಲಿ. ಕತ್ತಲಿಗೆ ಕಣ್ಣು ಹೀಗೆ ಹೊಂದಿಕೊಳ್ಳುತ್ತದೆ ಅಂತ ವಿಜ್ಞಾನಿಗಳು 2013ರಲ್ಲಿ ತೋರಿಸಿದರು.

ರೈಲಿನಲ್ಲಿ ಪಕ್ಕದವರ ಸಂಬಳ ಕೇಳಲು ನಮಗೆ ಸಂಕೋಚವಿಲ್ಲ. ಆದರೆ ಸಾಕುವವರನ್ನು "ನಿಮ್ಮ ಹತ್ತಿರ ಎಷ್ಟು ಹಿಮಸಾರಂಗ ಇದೆ?" ಅಂತ ಮಾತ್ರ ಕೇಳಬೇಡಿ. ಅದು ಬ್ಯಾಂಕಿನಲ್ಲಿ ಎಷ್ಟಿದೆ ಅಂತ ಕೇಳಿದ ಹಾಗೆ. ಅವರು ನಕ್ಕು "ಮರದ ಈ ಕಡೆಯೂ ಇವೆ, ಆ ಕಡೆಯೂ ಇವೆ" ಅಂತ ತೇಲಿಸಿಬಿಡುತ್ತಾರೆ. ಅದರ ಬದಲು ಕಿವಿಯ ಗುರುತಿನ ಬಗ್ಗೆ ಕೇಳಿ. ಲ್ಯಾಪ್‌ಲ್ಯಾಂಡಿನ ಕಾಡಲ್ಲಿ ತಿರುಗುವ ಹಿಮಸಾರಂಗಕ್ಕೂ ಒಬ್ಬ ಒಡೆಯ ಇರುತ್ತಾನೆ. ಬೇಸಿಗೆಯಲ್ಲಿ ಮರಿಗಳ ಕಿವಿಗೆ ಚಾಕುವಿನಿಂದ ಕಚ್ಚು ಹಾಕಿ ಗುರುತು ಮಾಡುತ್ತಾರೆ, ಒಬ್ಬೊಬ್ಬರದು ಒಂದೊಂದು ವಿನ್ಯಾಸ. ಈ ಪ್ರಶ್ನೆ ಕೇಳಿದರೆ ಮಾತು ಹರಿಯುತ್ತದೆ. ನಾರ್ವೆ, ಸ್ವೀಡನ್ನಿನಲ್ಲಿ ಸಾಕುವ ಹಕ್ಕು ಬಹುಪಾಲು ಸಾಮಿಗಳದ್ದೇ. ಫಿನ್‌ಲ್ಯಾಂಡಿನಲ್ಲಿ ಸಾಮಿಗಳೂ ಸಾಕುತ್ತಾರೆ, ಫಿನ್ನರೂ ಸಾಕುತ್ತಾರೆ.

ಐಸ್ ಮೇಲೆ ಗಾಳ

ಪಟ್ಟಿಯಲ್ಲಿ ಎಲ್ಲರೂ ದಾಟಿ ಹೋಗುವುದು ಇದನ್ನೇ. ಚಳಿಯಲ್ಲಿ ಸುಮ್ನೆ ಕೂರೋದಾ ಅಂತ. ನನಗೆ ಇಡೀ ದಿನದಲ್ಲಿ ಒಂದನ್ನೇ ಆರಿಸು ಅಂದರೆ ಇದನ್ನೇ ಆರಿಸುತ್ತೇನೆ.

ಗೈಡ್ ಮೊದಲು ಕೆರೆಯ ಮೇಲಿನ ಹಿಮವನ್ನು ಬೂಟಿನಿಂದ ಸರಿಸುತ್ತಾನೆ. ಆಮೇಲೆ ಎದೆಯೆತ್ತರದ ಬೈರಿಗೆ ನಿಮ್ಮ ಕೈಗೆ ಬರುತ್ತದೆ. ಒಂದು ಕೈಯಿಂದ ಮೇಲಿನ ಗುಂಡಿ ಒತ್ತಿ ಹಿಡಿದು, ಇನ್ನೊಂದರಿಂದ ಹಿಡಿ ತಿರುಗಿಸಬೇಕು. ಮೈಭಾರ ಹಾಕಬೇಡಿ, ಅಲಗು ತಾನೇ ಕಚ್ಚಿಕೊಂಡು ಇಳಿಯುತ್ತದೆ. ಮೊದಲು ಒಣ ಬಿಳಿ ಪುಡಿ ಬರುತ್ತದೆ. ಇಳಿದ ಹಾಗೆ ಅದು ಬೂದಾಗುತ್ತದೆ. ಮಾರ್ಚ್‌ನಲ್ಲಿ ಐಸ್ ಅರ್ಧ ಮೀಟರಿಗೂ ಜಾಸ್ತಿ ದಪ್ಪ ಇರಬಹುದು, ಹಾಗಾಗಿ ಇನ್ನೂ ಎಷ್ಟಪ್ಪಾ ಅನ್ನುವಷ್ಟರಲ್ಲಿ ಬೈರಿಗೆ ಸರಕ್ಕನೆ ಒಳಗೆ ಜಾರುತ್ತದೆ, ಕಪ್ಪು ನೀರು ಗುಳುಗುಳು ಅಂತ ತೂತಿನ ಅಂಚಿನವರೆಗೆ ಏರಿ ನಿಲ್ಲುತ್ತದೆ. ನಿಮ್ಮ ಕಾಲ ಕೆಳಗೆ ಇಷ್ಟು ಹೊತ್ತು ಇದ್ದದ್ದು ನೀರು ಅಂತ ಆಗ ತಲೆಗೆ ಹೋಗುತ್ತದೆ. ತೇಲುವ ಐಸ್ ಚೂರುಗಳನ್ನು ತೂತು ಸೌಟಿನಿಂದ ಎತ್ತಿ ಹಾಕಿ.

ಗಾಳದ ಕೋಲು ಗೇಣುದ್ದಕ್ಕಿಂತ ಸ್ವಲ್ಪ ಜಾಸ್ತಿ, ಆಟದ ಸಾಮಾನಿನ ಹಾಗೆ ಕಾಣುತ್ತದೆ. ಕೊಕ್ಕೆಗೆ ಸಣ್ಣ ಹುಳ ಸಿಕ್ಕಿಸುತ್ತಾರೆ. ಇದಕ್ಕೆ ಬರಿಗೈ ಬೇಕು, ಬೇಗ ಮುಗಿಸಿ ಮಿಟನ್ ಹಾಕಿಕೊಳ್ಳಿ. ದಾರ ಬಿಡುತ್ತಾ ಹೋಗಿ, ತಳ ಮುಟ್ಟಿ ಸಡಿಲವಾದಾಗ ಒಂದು ಗೇಣು ಮೇಲೆಳೆಯಿರಿ. ಈಗ ಮಣಿಕಟ್ಟಿನಿಂದ ಒಂದೆರಡು ಸಣ್ಣ ಕುಣಿತ, ನಿಲ್ಲಿಸಿ, ಹತ್ತು ಎಣಿಸಿ, ಮತ್ತೆ ಕುಣಿತ. ಸಿಕ್ಕರೆ ಹೆಚ್ಚಾಗಿ ಪರ್ಚ್ ಸಿಗುತ್ತದೆ: ಹಸಿರು ಮೈ, ಕಪ್ಪು ಪಟ್ಟೆ, ಕೆಂಪು ರೆಕ್ಕೆ. ಬೆನ್ನಿನ ರೆಕ್ಕೆ ಮುಳ್ಳು ಮುಳ್ಳು, ಹಿಡಿಯುವಾಗ ಜೋಪಾನ. ಸಿಗದೇ ಇರುವ ದಿನವೇ ಜಾಸ್ತಿ. ಹತ್ತು ನಿಮಿಷಕ್ಕೆ ಏನೂ ಕಚ್ಚದಿದ್ದರೆ ನಾಲ್ಕು ಹೆಜ್ಜೆ ಆಚೆ ಇನ್ನೊಂದು ತೂತು ಕೊರೆಯುತ್ತಾರೆ, ಅಲ್ಲಿನ ಮುದುಕರ ಪದ್ಧತಿಯೂ ಅದೇ. ಕೊರೆದರೆ ಮೈ ಬೆಚ್ಚಗೂ ಆಗುತ್ತದೆ.

ಮೀನು ಕೊಲ್ಲುವುದು ಮನಸ್ಸಿಗೆ ಒಗ್ಗದವರು ತೂತು ಕೊರೆದು, ಕೂತು, ಕೆರೆ ನೋಡಿ. ಯಾರೂ ಏನೂ ಅಂದುಕೊಳ್ಳುವುದಿಲ್ಲ.

ಫಿನ್‌ಲ್ಯಾಂಡಿನಲ್ಲಿ ಇಂಥ ಸಣ್ಣ ಗಾಳ ಹಾಕಲು ಲೈಸೆನ್ಸ್ ಬೇಡ, ಶುಲ್ಕ ಬೇಡ. ಯಾರದೇ ಜಾಗವಾದರೂ ಕಾಡಲ್ಲಿ ನಡೆಯುವ, ಹಣ್ಣು ಕೀಳುವ ಸಾರ್ವಜನಿಕ ಹಕ್ಕು ಅಲ್ಲಿದೆ, ಅದರಲ್ಲೇ ಇದೂ ಸೇರಿದೆ. ವಿದೇಶಿಯರಿಗೂ ಅದು ಅನ್ವಯಿಸುತ್ತದೆ. ಸಾಲ್ಮನ್ ಮೀನಿನ ನದಿಗಳ ರಭಸದ ಜಾಗ ಮತ್ತು ನಿಷೇಧ ಇರುವ ಕಡೆ ಮಾತ್ರ ಕೂಡದು.

ಆದರೆ ಹಕ್ಕಿದೆ ಅಂತ ಮರುದಿನ ನೀವೇ ಐಸ್ ಮೇಲೆ ಇಳಿಯಬೇಡಿ. ಗಟ್ಟಿ ಐಸ್ ಐದು ಸೆಂಟಿಮೀಟರ್ ಇದ್ದರೆ ಒಬ್ಬರನ್ನು ಹೊರುತ್ತದೆ ಅನ್ನುತ್ತಾರೆ ನಿಜ, ಎಲ್ಲಿ ಎಷ್ಟು ದಪ್ಪ ಅಂತ ನೋಡಿ ಹೇಳಲಾಗುವುದಿಲ್ಲವಲ್ಲ. ಸೇತುವೆ ಕೆಳಗೆ, ತೊರೆ ಸೇರುವಲ್ಲಿ, ಜೊಂಡು ಬೆಳೆದಲ್ಲಿ ತೆಳುವಾಗಿರುತ್ತದೆ. ರೊವಾನಿಯೆಮಿ ಇರುವುದೇ ಕೆಮಿಯೊಕಿ ಮತ್ತು ಔನಸ್ಯೊಕಿ ನದಿಗಳು ಕೂಡುವಲ್ಲಿ. ಕೆಮಿಯೊಕಿಗೆ ಸಾಲಾಗಿ ಜಲವಿದ್ಯುತ್ ಅಣೆಕಟ್ಟುಗಳಿವೆ, ನೀರು ಏರಿಳಿಯುತ್ತಿರುತ್ತದೆ, ಅಲ್ಲಿನ ಐಸ್ ನಂಬಲು ಬರುವುದಿಲ್ಲ. ಕುತ್ತಿಗೆಗೆ ಹಗ್ಗದಲ್ಲಿ ಎರಡು ಮೊಳೆ-ಹಿಡಿಗಳನ್ನು ತೂಗುಹಾಕಿಕೊಂಡವರನ್ನು ನೋಡುತ್ತೀರಿ. ಐಸ್ ಒಡೆದು ಬಿದ್ದರೆ ಬಂದ ದಿಕ್ಕಿಗೇ ತಿರುಗಿ, ಆ ಮೊಳೆ ಚುಚ್ಚಿ, ಕಾಲು ಬಡಿದು ಮೈ ಎಳೆದುಕೊಂಡು, ಎದ್ದು ನಿಲ್ಲದೆ ಉರುಳುತ್ತಾ ದೂರ ಬರಬೇಕು.

ಕೊಟಾದಲ್ಲಿ ಊಟ

ಮಧ್ಯೆ ಬೆಂಕಿ, ಸುತ್ತ ಬೆಂಚು, ಮೇಲೆ ಹೊಗೆ ಹೋಗಲು ಕಿಂಡಿ. ನಿಂತರೆ ಹೊಗೆ ಕಣ್ಣಿಗೆ, ಕೂತರೆ ಆರಾಮ. ಬರ್ಚ್ ಮರದ ತೊಗಟೆ ಒಂದು ಕಡ್ಡಿಗೇ ಹೊತ್ತಿಕೊಳ್ಳುತ್ತದೆ, ಕೇಳಿದರೆ ನಿಮ್ಮ ಕೈಲೇ ಹಚ್ಚಿಸುತ್ತಾರೆ. ಬಾಡಿಗೆ ಓವರಾಲ್ ಬೆಂಕಿಗೆ ಜಾಸ್ತಿ ಹತ್ತಿರ ಒಯ್ಯಬೇಡಿ, ಒಂದು ಕಿಡಿ ಸಾಕು ತೂತಾಗಲು.

ಮಾಂಸಾಹಾರಿಗಳಿಗೆ ಚಿಂತೆಯಿಲ್ಲ. ಸಾಲ್ಮನ್ ಸೂಪ್ ಅಥವಾ ತೆಳ್ಳಗೆ ಹೆಚ್ಚಿ ಬೇಯಿಸಿದ ಹಿಮಸಾರಂಗದ ಮಾಂಸ, ಪಕ್ಕಕ್ಕೆ ಆಲೂ ಪಿಟ್ಟು, ಹುಳಿ ಲಿಂಗನ್‌ಬೆರಿ. ಖಾರ ಅನ್ನುವ ಮಾತೇ ಇಲ್ಲ. ಜೇಬಿನಲ್ಲಿ ಚಟ್ನಿಪುಡಿ ಇದ್ದರೆ ತೆಗೆಯಿರಿ, ಮೊದಲು ಅಡುಗೆ ಮಾಡಿದವರಿಗೂ ಒಂದು ಚಿಟಿಕೆ ಕೊಟ್ಟು. ಸಸ್ಯಾಹಾರಿಗಳಿಗೆ ತರಕಾರಿ ಸೂಪ್, ರೈ ಬ್ರೆಡ್, ಸೋಯಾ ಸಾಸೇಜ್ ಸಿಗುತ್ತದೆ. ಲೈಪಾಯುಸ್ತೊ ಅನ್ನುವ ಸುಟ್ಟ ಚೀಸ್ ಕೇಳಿ. ಹಲ್ಲಿಗೆ ಕೀಚ್ ಕೀಚ್ ಅನ್ನುತ್ತದೆ, ಮೇಲೆ ಹಳದಿ ಕ್ಲೌಡ್‌ಬೆರಿ ಜಾಮ್. ಚೀಸ್ ಒಡೆಸಲು ಕರುವಿನ ಹೊಟ್ಟೆಯ ಕಿಣ್ವ ಬಳಸುವುದುಂಟು, ಕಟ್ಟುನಿಟ್ಟಿನವರು ಕೇಳಿ ತಿನ್ನಿ.

ಕಾಫಿ ಮಸಿ ಹಿಡಿದ ಪಾತ್ರೆಯಲ್ಲಿ ಪುಡಿ ಸಮೇತ ಕುದಿಯುತ್ತದೆ. ಚರಟ ತಳಕ್ಕೆ ಕೂರುವವರೆಗೂ ಕಾಯಬೇಕು, ಕೊನೆಯ ಗುಟುಕು ಕುಡಿಯಬಾರದು. ಡಿಕಾಕ್ಷನ್‌ಗೆ ಒಗ್ಗಿದ ನಾಲಿಗೆಗೆ ತೆಳು ಅನಿಸುತ್ತದೆ, ಹುರಿಯುವುದೇ ಕಡಿಮೆ. ಆದರೆ ಮೈನಸ್ 15ರಿಂದ ಒಳಗೆ ಬಂದು ಕುಡಿದಾಗ ಯಾರೂ ದೂರುವುದಿಲ್ಲ. ಬರ್ಚ್ ಮರದ ಗಂಟಿನಿಂದ ಕೆತ್ತಿದ ಬಟ್ಟಲಲ್ಲಿ ಕೊಡುತ್ತಾರೆ, ಅದಕ್ಕೆ ಕುಕ್ಸಾ ಅಂತ ಹೆಸರು. ಊರಿಗೆ ಒಂದು ಕೊಂಡು ತಂದರೆ ಸೋಪು ಹಾಕದೆ ಬರೀ ನೀರಲ್ಲಿ ತೊಳೆಯಿರಿ.

ಹಸ್ಕಿ ಮತ್ತು ಸ್ನೋಮೊಬೈಲ್ ಬೇಕೇ ಬೇಕು ಅಂದರೆ

ನಾಯಿ ಬಂಡಿಗೆ ಇಬ್ಬರು. ಒಬ್ಬರು ಕೂರುತ್ತಾರೆ, ಒಬ್ಬರು ಹಿಂದೆ ನಿಂತು ನಡೆಸುತ್ತಾರೆ, ಮಧ್ಯೆ ಅದಲುಬದಲು. ಹೊರಡುವವರೆಗೂ ನಾಯಿಗಳು ಕಿವಿ ಕಿತ್ತುಹೋಗುವ ಹಾಗೆ ಬೊಗಳುತ್ತವೆ. ಹಗ್ಗ ಬಿಚ್ಚಿದ ಕ್ಷಣ ಎಲ್ಲಾ ಮೌನ, ಬರೀ ಓಟ. ನೆನಪಿಡಬೇಕಾದ್ದು ಎರಡೇ. ಬಿದ್ದರೂ ಹಿಡಿ ಬಿಡಬೇಡಿ, ನೀವಿಲ್ಲದೆಯೂ ನಾಯಿಗಳು ಸಂತೋಷವಾಗಿ ಓಡಿಹೋಗುತ್ತವೆ. ಮತ್ತೆ, ಇಳಿಜಾರಿನಲ್ಲಿ ಬ್ರೇಕ್ ಮೇಲೆ ಕಾಲಿಟ್ಟು ಬಂಡಿ ನಾಯಿಗಳಿಗೆ ಗುದ್ದದ ಹಾಗೆ ನೋಡಿಕೊಳ್ಳಿ. ಏರಿನಲ್ಲಿ ಒಂದು ಕಾಲಿಂದ ನೆಲ ಒದ್ದು ಅವುಗಳಿಗೆ ಸಹಾಯ ಮಾಡಿ. ಗರ್ಭಿಣಿಯರು, ಬೆನ್ನುನೋವಿನವರು ಇದಕ್ಕೆ ಹತ್ತಬೇಡಿ. ನಾಯಿಗಳನ್ನು ಎಲ್ಲಿ ಮಲಗಿಸುತ್ತೀರಿ, ವಯಸ್ಸಾದವು ಏನಾಗುತ್ತವೆ ಅಂತ ಕೇಳಿ. ನೇರವಾಗಿ ಉತ್ತರ ಕೊಡುವ ಜಾಗವೇ ಒಳ್ಳೆಯದು.

ಸ್ನೋಮೊಬೈಲ್ ಓಡಿಸಲು ಡ್ರೈವಿಂಗ್ ಲೈಸೆನ್ಸ್ ಬೇಕು. ಗಾಡಿಗೆ ಹಾನಿಯಾದರೆ ಒಂದು ಮೊತ್ತದವರೆಗೆ ನೀವೇ ಕಟ್ಟಬೇಕಾಗುತ್ತದೆ, ಆ ಮೊತ್ತ ಎಷ್ಟು ಅಂತ ಸಹಿ ಹಾಕುವ ಮುಂಚೆ ಓದಿ. ಮೈನಸ್ 20ರಲ್ಲಿ ಗಂಟೆಗೆ 40 ಕಿಲೋಮೀಟರ್ ಓಡಿಸಿದರೆ ಮುಖಕ್ಕೆ ಮೈನಸ್ 34ರ ಹಾಗೆ ತಟ್ಟುತ್ತದೆ, ಆದ್ದರಿಂದ ಹೆಲ್ಮೆಟ್ ಒಳಗೆ ಮುಸುಕು ಟೋಪಿ ಬೇಕೇ ಬೇಕು. ಇಷ್ಟಾಗಿಯೂ, ಮಕ್ಕಳಿಗೆ ಇದಕ್ಕಿಂತ ಪೊಟ್ಕುರಿ ಇಷ್ಟವಾಗುತ್ತದೆ. ಕುರ್ಚಿಗೆ ಎರಡು ಉದ್ದ ಕಬ್ಬಿಣದ ಪಟ್ಟಿ ಸಿಕ್ಕಿಸಿದ ಹಾಗಿರುವ ಒದೆಬಂಡಿ ಅದು. ಹಳ್ಳಿಯ ಅಜ್ಜಿಯರು ಅದರ ಮೇಲೆ ಸಾಮಾನಿಟ್ಟುಕೊಂಡು ಅಂಗಡಿಗೆ ಹೋಗಿ ಬರುತ್ತಾರೆ. ಎಷ್ಟೋ ಹೋಟೆಲುಗಳ ಬಾಗಿಲಲ್ಲಿ ಪುಕ್ಕಟೆಯಾಗಿ ನಿಲ್ಲಿಸಿರುತ್ತಾರೆ.

ಸಂಜೆ ಸೌನಾ

ಫಿನ್ನರ ಸೌನಾ ಪದ್ಧತಿ 2020ರಲ್ಲಿ ಯುನೆಸ್ಕೋದ ಪಟ್ಟಿಗೆ ಸೇರಿತು. ಹೆಂಗಸರು, ಗಂಡಸರು ಬೇರೆಬೇರೆ ಇರುವಲ್ಲಿ ಬಟ್ಟೆ ಇಲ್ಲದೆ ಹೋಗುವುದೇ ರೂಢಿ. ಎಲ್ಲರೂ ಒಟ್ಟಿಗೆ ಇರುವ ಟೂರಿಸ್ಟ್ ಸೌನಾಗಳಲ್ಲಿ ಈಜುಡುಗೆ ಹಾಕಬೇಕು. ಮುಜುಗರ ಅನಿಸಿದರೆ ಟವೆಲ್ ಸುತ್ತಿಕೊಳ್ಳಿ, ಯಾರೂ ತಿರುಗಿ ನೋಡುವುದಿಲ್ಲ. ಮೊದಲು ಸ್ನಾನ, ಆಮೇಲೆ ಒಳಗೆ, ಕೆಳಗಿನ ಹಲಗೆಯಿಂದ ಶುರು ಮಾಡಿ. ಮೇಲೆ ಹೋದಷ್ಟೂ ಬಿಸಿ. ಕಲ್ಲಿನ ಮೇಲೆ ನೀರು ಹಾಕುವ ಮುಂಚೆ ಉಳಿದವರನ್ನು ಒಂದು ಮಾತು ಕೇಳಿ.

ಸೌನಾದ ಬಿಸಿಯಿಂದ ಎದ್ದು ಬಂದು ಕೆರೆಯ ಐಸ್‌ನಲ್ಲಿ ಕೊರೆದ ತೂತಿನ ನೀರಿಗೆ ಇಳಿಯುವವರಿದ್ದಾರೆ, ಅದು ಕಡ್ಡಾಯ ಅಲ್ಲ. ಹೃದಯದ ತೊಂದರೆ, ಬಿಪಿ ಇರುವವರು ಬೇಡ. ಇಳಿಯುವವರು ಉಣ್ಣೆ ಟೋಪಿ ತೆಗೆಯದೆ, ಏಣಿಯ ಕಂಬಿ ಹಿಡಿದು, ಉಸಿರನ್ನು ಉದ್ದವಾಗಿ ಹೊರಗೆ ಬಿಡುತ್ತಾ ನಿಧಾನಕ್ಕೆ ಇಳಿಯಿರಿ. ಹಾರಬೇಡಿ, ತಲೆ ಮುಳುಗಿಸಬೇಡಿ. ಕುತ್ತಿಗೆವರೆಗೆ ಹೋಗಿ ಹತ್ತು ಎಣಿಸಿ ಎದ್ದರೆ ಧಾರಾಳವಾಯಿತು. ಒದ್ದೆ ಕಾಲು ಐಸ್ ಹಲಗೆಗೆ ಅಂಟುತ್ತದೆ, ಆದ್ದರಿಂದ ಹಳೆಯ ಉಣ್ಣೆ ಕಾಲುಚೀಲ ಹಾಕಿಕೊಂಡೇ ಹೋಗಿ.

ಫಿನ್‌ಲ್ಯಾಂಡಿನಲ್ಲಿ ಟಿಪ್ಸ್ ಕೊಡುವ ರೂಢಿ ಇಲ್ಲ, ಕೊಡದಿದ್ದರೆ ತಪ್ಪಿಲ್ಲ. ಎಲ್ಲಾ ಕಡೆ ಕಾರ್ಡ್ ನಡೆಯುತ್ತದೆ. ಓವರಾಲ್ ವಾಪಸ್ ಕೊಡುವಾಗ ಮಾತ್ರ ಎಲ್ಲಾ ಜೇಬಿಗೂ ಕೈ ಹಾಕಿ ನೋಡಿ. ಎದೆಯ ಮೇಲೆ, ತೊಡೆಯ ಮೇಲೆ, ತೋಳಿನಲ್ಲಿ, ಎಲ್ಲೆಲ್ಲೂ ಜೇಬು ಇರುತ್ತದೆ, ಹೋಟೆಲ್ ರೂಮಿನ ಕೀ ಕಾರ್ಡ್ ನೀವು ಮರೆತ ಜೇಬಿನಲ್ಲೇ ಇರುತ್ತದೆ.